ಗ್ರಾಂಟ್ ರೋಡಿನಲ್ಲಿ ನಮ್ಮ ಸಂಸಾರ

ಮುಂಬಯಿ ಕನ್ನಡಿಗರ ಇತಿಹಾಸವನ್ನು ಬರೆಯಹೊರಟವರು ಸಾಮಾನ್ಯವಾಗಿ ಸಂಘಸಂಸ್ಥೆಗಳಿಂದ ಆರಂಭಿಸುತ್ತಾರೆ. ಯಾವ ಸಂಘ ಯಾವ ಇಸವಿಯಲ್ಲಿ ಹುಟ್ಟಿತು, ಮೊದಲ ಅಧ್ಯಕ್ಷರು ಯಾರು, ಕಟ್ಟಡ ನಿಧಿಗೆ ಕೈಯೆತ್ತಿ ಕೊಟ್ಟ ದಾನಿಗಳು ಯಾರು ಎಂಬುದೆಲ್ಲ ಅಲ್ಲಿ ಸಿಗುತ್ತದೆ. ಸಿಗಬೇಕಾದ್ದೇ. ಆದರೆ ಸಭೆ ಮುಗಿಸಿ, ಹಾರ ತುರಾಯಿಗಳನ್ನು ಕೈಯಲ್ಲಿ ಹಿಡಿದು, ರಾತ್ರಿಯ ಲೋಕಲ್ ಗಾಡಿಯಿಂದ ಇಳಿದು ಮನೆ ಸೇರಿದ ಆ ಮಹನೀಯರಿಗೆ ಬಡಿಸಿದವರು ಯಾರು, ಬಡಿಸಿದ ಸಾರಿಗೆ ತೆಂಗಿನಕಾಯಿ ಅರೆದದ್ದು ಎಲ್ಲಿ ಕುಳಿತು, ನೀರು ತುಂಬಿಟ್ಟದ್ದು ಎಷ್ಟು ಗಂಟೆಗೆ ಎದ್ದು ಎಂಬುದು ವಾರ್ಷಿಕ ವರದಿಗಳಲ್ಲಿ ಬರುವ ಮಾತಲ್ಲ. ಈ ಸಲ ನಾವು ವರದಿಗಳನ್ನು ಬದಿಗಿಟ್ಟು ಮನೆಯೊಳಗೆ ಹೋಗಿ ನೋಡೋಣವೆಂದಿದ್ದೇವೆ. ಮನೆ ಎಂದರೆ ಗ್ರಾಂಟ್ ರೋಡಿನ ಆಸುಪಾಸಿನ ಮನೆ. ನಾವು ಹುಟ್ಟಿ ಬೆಳೆದದ್ದು ಅಲ್ಲಿಯೇ ಆದ್ದರಿಂದ ಎಲ್ಲಿಯಾದರೂ ಪಕ್ಷಪಾತ ಕಂಡರೆ ವಾಚಕರು ಮನ್ನಿಸಬೇಕು.

1835ರಿಂದ 1838ರವರೆಗೆ ಮುಂಬಯಿಯ ಗವರ್ನರನಾಗಿದ್ದ ಸರ್ ರಾಬರ್ಟ್ ಗ್ರಾಂಟನ ಹೆಸರು ಈ ರಸ್ತೆಗೆ ಬಂತು. ರಸ್ತೆಯ ಫಲಕದ ಮೇಲೆ ಈಗ ಮೌಲಾನಾ ಶೌಕತ್ ಅಲಿಯವರ ಹೆಸರಿದ್ದರೂ ಜನರ ಬಾಯಲ್ಲಿ ಹಳೆಯ ಹೆಸರೇ ಉಳಿದಿದೆ. 1860ರ ದಶಕದಲ್ಲಿ ಬಿ.ಬಿ.ಸಿ.ಐ. ರೈಲು ಮುಂಬಯಿಗೆ ಬಂದಾಗ ಕೆಲವು ವರ್ಷ ಗ್ರಾಂಟ್ ರೋಡೇ ಅದರ ಕೊನೆಯ ನಿಲ್ದಾಣವಾಗಿತ್ತು. ಸ್ಟೇಶನ್ನಿನ ಪೂರ್ವಕ್ಕೆ ಲ್ಯಾಮಿಂಗ್ಟನ್ ರೋಡು, ನಾಟಕ ಸಿನೆಮಾಗಳ ಥಿಯೇಟರುಗಳು, ಹಗಲುರಾತ್ರಿ ಒಂದೇ ಎಂಬಂಥ ಗದ್ದಲ. ಪಶ್ಚಿಮಕ್ಕೆ ಇಳಿದರೆ ಭಾಜಿ ಗಲ್ಲಿ, ಅದರಾಚೆ ನಾನಾ ಚೌಕ, ಗಾಮದೇವಿ, ಗೋವಾಲಿಯಾ ಟ್ಯಾಂಕು. ಉತ್ತರಕ್ಕೆ ಸ್ವಲ್ಪ ನಡೆದರೆ ತಾಡದೇವ. ನಮ್ಮ ಹಿರಿಯರು ಊರಿಗೆ ಹೋದಾಗ ‘ನಮ್ಮದು ಗ್ರಾಂಟ್ ರೋಡು’ ಎನ್ನುತ್ತಿದ್ದುದು ಇವೆಲ್ಲವನ್ನೂ ಸೇರಿಸಿ. ಅಂಚೆಯವರ ಲೆಕ್ಕದಲ್ಲಿ ಹೆಚ್ಚಿನದು ‘ಬೊಂಬಾಯಿ 7’. 1972ರಲ್ಲಿ ಪಿನ್‌ಕೋಡು ಬಂದ ಮೇಲೆ ಆ ಏಳೇ 400007 ಆಯಿತು.

ನಮ್ಮವರು ಇಲ್ಲಿಗೆ ಏಕೆ ಬಂದರು? ಹೊಟ್ಟೆಪಾಡಿಗೆ ಎಂದು ಒಂದೇ ಮಾತಿನಲ್ಲಿ ಮುಗಿಸಬಹುದು, ಆದರೆ ಅದಕ್ಕೊಂದು ದಾರಿಯೂ ಬೇಕಲ್ಲ. ಉತ್ತರ ಕನ್ನಡ ಜಿಲ್ಲೆಯನ್ನು 1862ರಲ್ಲಿ ಮದರಾಸು ಇಲಾಖೆಯಿಂದ ತೆಗೆದು ಮುಂಬಯಿ ಇಲಾಖೆಗೆ ಸೇರಿಸಿದರು. ಧಾರವಾಡ ಸೀಮೆಯ ಹತ್ತಿಯನ್ನು ಕಾರವಾರದ ಬಂದರಿನಿಂದ ಸಾಗಿಸುವ ಲೆಕ್ಕಾಚಾರ ಅದರ ಹಿಂದಿತ್ತು. ಅದೇ ವರ್ಷ ಮುಂಬಯಿಯಲ್ಲಿ ಹೈಕೋರ್ಟು ಆರಂಭವಾಯಿತು; ವಿಶ್ವವಿದ್ಯಾಲಯ 1857ರಲ್ಲೇ ಆಗಿತ್ತು. ಹೀಗಾಗಿ ಕುಮಟೆ, ಹೊನ್ನಾವರ, ಭಟ್ಕಳದ ಹುಡುಗನಿಗೆ ಪದವಿ ಬೇಕೆಂದರೂ, ಕಾರಕೂನಿಕೆ ಬೇಕೆಂದರೂ, ಅಪೀಲು ಹಾಕಬೇಕೆಂದರೂ ಮುಖ ತಿರುಗುವುದು ಮುಂಬಯಿಯ ಕಡೆಗೆ. ಧಾರವಾಡದಲ್ಲಿ ಕರ್ನಾಟಕ ಕಾಲೇಜು ಆದದ್ದು 1917ರಲ್ಲಿ. ದಕ್ಷಿಣ ಕನ್ನಡ ಮಾತ್ರ 1956ರವರೆಗೂ ಮದರಾಸಿಗೇ ಅಂಟಿಕೊಂಡಿತ್ತು. ಅಲ್ಲಿಯ ನಮ್ಮ ತುಳುವ ಬಂಧುಗಳು ಸರಕಾರದ ನಂಟನ್ನು ಕಾಯದೆ, ಹೊಟೇಲಿನ ಒಲೆಯ ನಂಟು ಹಿಡಿದು ಬಂದರು.

ಬರುವುದು ಸಮುದ್ರದ ಮೇಲಿಂದ. ಆಗಬೋಟಿನಲ್ಲಿ ಡೆಕ್ಕಿನ ಮೇಲೆ ಚಾಪೆ ಹಾಸಿ, ಅವಲಕ್ಕಿಯ ಗಂಟು ಬಿಚ್ಚಿ, ವಾಂತಿ ಮಾಡುವವರು ಮಾಡುತ್ತ, ಭಜನೆ ಹೇಳುವವರು ಹೇಳುತ್ತ. ಮಳೆಗಾಲ ಹಿಡಿಯಿತೆಂದರೆ ಬೋಟು ಬಂದ್. ಆಮೇಲೆ ಹುಬ್ಬಳ್ಳಿಯವರೆಗೆ ರೈಲು, ಅಲ್ಲಿಂದ ಘಟ್ಟ ಇಳಿದು ಊರು. ಈ ಬೋಟಿನ ವೇಳಾಪಟ್ಟಿ ಮನೆಯೊಳಗಿನ ಸಂಪ್ರದಾಯಗಳನ್ನು ಹೇಗೆ ತಿದ್ದಿತೆಂಬುದನ್ನು ನಮ್ಮ ಅಜ್ಜಿ ಹೇಳುತ್ತಿದ್ದರು. ಚೊಚ್ಚಲ ಹೆರಿಗೆ ತವರಿನಲ್ಲಿ ಆಗಬೇಕಾದ್ದು ಪದ್ಧತಿ. ಆದರೆ ಶ್ರಾವಣದಲ್ಲಿ ಹೆರುವವಳನ್ನು ವೈಶಾಖ ಮುಗಿಯುವ ಮೊದಲೇ ಬೋಟು ಹತ್ತಿಸಿಬಿಡಬೇಕು. ತಡವಾದರೆ ಅವಳಿಗೆ ಗ್ರಾಂಟ್ ರೋಡಿನ ಖೋಲಿಯೇ ತವರು. ಹಾಗೆ ಊರಿನಿಂದ ತಾಯಿ ಬರಲಾಗದೆ ಪಕ್ಕದ ಖೋಲಿಯ ಮರಾಠಿ ಆಜಿಯ ಕೈಯಲ್ಲಿ ಎಣ್ಣೆನೀರು ಹಾಕಿಸಿಕೊಂಡ ಬಾಣಂತಿಯರು ನಮ್ಮಲ್ಲಿ ಹಲವರು. ಆ ಕೂಸುಗಳು ಮರಾಠಿ ಜೋಗುಳ ಕೇಳಿ ನಿದ್ದೆಹೋದವು. ನಮ್ಮ ತಂದೆಯವರೂ ಅವರಲ್ಲೊಬ್ಬರು.

ಇನ್ನು ಮನೆ. ಮೊದಲು ಬಂದವರು ಗಂಡಸರು. ನಾಲ್ಕಾರು ಜನ ಸೇರಿ ಒಂದು ಖೋಲಿ, ಒಬ್ಬ ಅಡಿಗೆಯವನು. ಹೆಂಡತಿ ಮಕ್ಕಳನ್ನು ಕರೆತರಲು ಧೈರ್ಯ ಬರಬೇಕಾದರೆ ವರ್ಷಗಳು ಬೇಕಾದವು. ಅಷ್ಟರಲ್ಲಿ 1896ರ ಪ್ಲೇಗು ಬಂತು. ಚಾಳುಗಳ ಕತ್ತಲೆಯ ಖೋಲಿಗಳಲ್ಲಿ ಜನ ಸಾಲುಸಾಲಾಗಿ ಸತ್ತರು, ಉಳಿದವರು ಊರಿಗೆ ಓಡಿದರು. ಆಮೇಲೆ 1898ರಲ್ಲಿ ಇಂಪ್ರೂವ್‌ಮೆಂಟ್ ಟ್ರಸ್ಟು ಹುಟ್ಟಿ ಗಾಳಿ ಬೆಳಕಿಗಾಗಿ ಹೊಸ ಬೀದಿಗಳನ್ನು ತೆರೆಯತೊಡಗಿತು. ಗಾಮದೇವಿಗೆ ಈಗಿನ ರೂಪ ಬಂದದ್ದು ಹಾಗೆ.

ಇಲ್ಲಿ ಒಂದು ಹೆಸರನ್ನು ನೆನೆಯದೆ ಮುಂದೆ ಹೋಗಲಾಗದು: ರಾವ್ ಬಹಾದ್ದೂರ್ ಶ್ರೀಪಾದ ಸುಬ್ಬರಾವ್ ತಲ್ಮಕಿಯವರು. ಚಿತ್ರಾಪುರ ಸಾರಸ್ವತ ಸಮಾಜದವರು. 1906ರಲ್ಲಿ ತಮ್ಮ ಗುರುಸಮಾನರಾದ ಶಾಮರಾವ್ ವಿಠಲರ ಹೆಸರಿನಲ್ಲಿ ಸಹಕಾರಿ ಪತ್ತಿನ ಸಂಘವನ್ನು ಕಟ್ಟಿದರು. 1911ರಲ್ಲಿ ಕೆನರಾ ಸಾರಸ್ವತ ಅಸೋಸಿಯೇಶನ್ ಆಯಿತು. 1915ರಲ್ಲಿ ಗಾಮದೇವಿಯಲ್ಲಿ ಸಾರಸ್ವತ ಸಹಕಾರಿ ಗೃಹನಿರ್ಮಾಣ ಸಂಘ. ಮುಂಬಯಿಯಲ್ಲಿ ಈ ಬಗೆಯ ಸಂಘ ಅದೇ ಮೊದಲಿನದು. ಮನೆ ಸಂಘದ್ದು, ಬಾಡಿಗೆ ಕೊಡುವವನೇ ಸಂಘದ ಪಾಲುದಾರ. ಮಾಲೀಕನೆಂಬ ಬೇರೆ ಮನುಷ್ಯನಿಲ್ಲ. ತಾಡದೇವದಲ್ಲಿ ಮುಂದೆ ಆದ ತಲ್ಮಕಿವಾಡಿ ಅವರ ಹೆಸರನ್ನೇ ಹೊತ್ತಿದೆ. ಒಂದೇ ಸಮಾಜದವರಿಗಾಗಿ ಕಟ್ಟಿದ ಮನೆಗಳೆಂದು ಇಂದು ನಾವು ಮೂಗು ಮುರಿಯಬಹುದು, ಮುರಿಯಲು ಕಾರಣವೂ ಇದೆ. ಆದರೆ ಮೂವತ್ತು ನಲವತ್ತು ರೂಪಾಯಿ ಸಂಬಳದ ಕಾರಕೂನನೊಬ್ಬ ತನ್ನ ಹೆಂಡತಿಯನ್ನು, ಮುದಿ ತಾಯಿಯನ್ನು ಹೆದರಿಕೆಯಿಲ್ಲದೆ ಮುಂಬಯಿಗೆ ಕರೆತರುವುದೆಂದರೆ ಎಂಥ ಮಾತೆಂಬುದನ್ನೂ ನೆನೆಯಬೇಕು. ನಮ್ಮಂಥ ಉಳಿದವರು ಚಾಳುಗಳಲ್ಲೇ ಉಳಿದೆವು. ಆ ವಾಡಿಯ ಕಿಟಕಿಗಳನ್ನು ಕೆಳಗಿನಿಂದ ನೋಡಿ ನಮ್ಮ ಅಜ್ಜಿ ನಿಟ್ಟುಸಿರು ಬಿಡುತ್ತಿದ್ದರಂತೆ.

ಚಾಳೆಂದರೆ ಎರಡು ಖೋಲಿ, ಮುಂದೆ ಉದ್ದನೆಯ ಗ್ಯಾಲರಿ, ಮೂಲೆಯಲ್ಲಿ ಎಲ್ಲರಿಗೂ ಸೇರಿದ ನಲ್ಲಿ. ಇಂಥಲ್ಲಿ ಮಡಿ ಹೇಗೆ? ಊರಿನ ಮನೆಯಲ್ಲಿ ಬಾವಿಕಟ್ಟೆ, ಬಚ್ಚಲು, ದೇವರ ಕೋಣೆ ಬೇರೆ ಬೇರೆ. ಇಲ್ಲಿ ಒಂದೇ ಹನ್ನೆರಡು ಅಡಿಯೊಳಗೆ ಎಲ್ಲವೂ. ಹೆಂಗಸರು ಇದಕ್ಕೆ ಕಂಡುಕೊಂಡ ಉಪಾಯ ಗಳ. ಮಾಡಿನ ತೊಲೆಗೆ ಅಡ್ಡಲಾಗಿ ಬಿದಿರಿನ ಗಳ ಕಟ್ಟಿ, ಕೋಲಿನ ತುದಿಯಿಂದ ಮಡಿಸೀರೆಯನ್ನು ಮೇಲೇರಿಸಿ ಹರಡಿಬಿಟ್ಟರೆ ಅದು ಯಾರ ಕೈಗೂ ತಾಗದು. ನೆಲದ ಮೇಲೆ ಜಾಗವಿಲ್ಲದಾಗ ಮಡಿ ಮಾಡಿಗೆ ಏರಿತು ಎಂದು ಅಜ್ಜ ನಗೆಯಾಡುತ್ತಿದ್ದರು. ಬೆಳಗಿನ ನಾಲ್ಕಕ್ಕೆ ನಲ್ಲಿಯಲ್ಲಿ ನೀರು ಬರುವ ಸದ್ದಾದೊಡನೆ ಎದ್ದು ಸ್ನಾನ ಮುಗಿಸಿದವರಿಗೆ ಮಾತ್ರ ಪೂರ್ತಿ ಮಡಿ. ಐದೂವರೆಯ ಮೇಲೆ ಸಾಲಿನಲ್ಲಿ ನಿಂತವರಿಗೆ ಅರ್ಧ ಮಡಿ. ಮುನಿಸಿಪಾಲಿಟಿಯ ನೀರಿನ ಹೊತ್ತೇ ನಮಗೆ ಬ್ರಾಹ್ಮೀ ಮುಹೂರ್ತವಾಯಿತು. ನಲ್ಲಿಯ ಸಾಲಿನಲ್ಲಿ ಯಾವ ಜಾತಿಯವಳ ಕೊಡ ಯಾವ ಜಾತಿಯವಳ ಕೊಡಕ್ಕೆ ತಾಗಿತೆಂಬ ಜಗಳ ಮೊದಮೊದಲು ನಡೆಯುತ್ತಿತ್ತಂತೆ. ನೀರು ಕಡಿಮೆಯಾದಂತೆ ಆ ಜಗಳವೂ ಕಡಿಮೆಯಾಗಿ, ಯಾರು ಮೊದಲು ಎಂಬ ಜಗಳ ಉಳಿಯಿತು. ಸುಧಾರಕರ ಭಾಷಣಗಳು ಮಾಡಲಾಗದ ಕೆಲಸವನ್ನು ನಲ್ಲಿ ಮಾಡಿತೆಂದರೆ ಅತಿಶಯೋಕ್ತಿಯಾಗಲಾರದು.

ಒರಳಿನ ಕತೆ ಹೇಳಲೇಬೇಕು. ಕರಾವಳಿಯ ಅಡಿಗೆಗೆ ಅರೆಯುವ ಕಲ್ಲಿಲ್ಲದೆ ಗತಿಯಿಲ್ಲ. ದೋಸೆಗೆ ಅಕ್ಕಿ ಅರೆಯಬೇಕು, ಸಾಂಬಾರಿಗೆ ಕಾಯಿ ಅರೆಯಬೇಕು, ಚಟ್ನಿಯಂತೂ ಸರಿಯೇ ಸರಿ. ನಮ್ಮ ಮನೆಯ ಒರಳು ಕುಮಟೆಯಿಂದ ಬೋಟು ಹತ್ತಿ ಬಂದದ್ದು. ಅದನ್ನು ಮೂರನೆಯ ಮಾಳಿಗೆಗೆ ಹೊತ್ತ ಹಮಾಲ ಎರಡನೆಯ ಮಾಳಿಗೆಯಲ್ಲಿ ಕುಳಿತುಬಿಟ್ಟು ಇನ್ನೆರಡಾಣೆ ಕೇಳಿದ್ದು ಮನೆಯ ಪುರಾಣದಲ್ಲಿ ಸೇರಿಹೋಗಿದೆ. ಮರದ ಹಲಗೆಯ ನೆಲ; ಮೇಲೆ ಗುಂಡು ತಿರುಗಿದರೆ ಕೆಳಗಿನ ಖೋಲಿಯಲ್ಲಿ ಗುಡುಗು. ಕೆಳಗಿನವರು ಕೋಲಿನಿಂದ ಮಾಡಿಗೆ ಕುಟ್ಟುವರು, ಮೇಲಿನವರು ಒರಳಿನಡಿಗೆ ಮತ್ತೊಂದು ಗೋಣಿ ಮಡಿಸಿ ಹಾಕುವರು. ಕೊನೆಗೆ ಮಧ್ಯಾಹ್ನ ಒಂದರಿಂದ ಮೂರರವರೆಗೆ, ರಾತ್ರಿ ಒಂಬತ್ತರ ಮೇಲೆ ಅರೆಯಕೂಡದೆಂದು ಒಪ್ಪಂದವಾಯಿತು. ಬದಲಿಗೆ ಕೆಳಗಿನವರಿಗೆ ವಾರಕ್ಕೊಮ್ಮೆ ದೋಸೆ. ಈ ಒಪ್ಪಂದವನ್ನು ಎರಡು ತಲೆಮಾರು ಮುರಿಯಲಿಲ್ಲ.

ಆಮೇಲೆ ಬಂದದ್ದು ರೇಶನ್ನು. ಯುದ್ಧದಲ್ಲಿ ಬರ್ಮಾ ಕೈತಪ್ಪಿ ಅಲ್ಲಿಯ ಅಕ್ಕಿ ನಿಂತಿತು. 1943ರ ಮೇ ತಿಂಗಳಲ್ಲಿ ಮುಂಬಯಿಯಲ್ಲಿ ಧಾನ್ಯದ ರೇಶನಿಂಗ್ ಜಾರಿಯಾಯಿತು. ಮೂರು ಹೊತ್ತೂ ಅಕ್ಕಿಯನ್ನೇ ಉಣ್ಣುವವರ ಚೀಲಕ್ಕೆ ಗೋಧಿ, ಜೋಳ ಬಂದು ಬಿದ್ದವು. ಧಾರವಾಡ, ವಿಜಾಪುರ ಕಡೆಯ ನಮ್ಮವರಿಗೆ ಜೋಳದ ರೊಟ್ಟಿ ಹೊಸತಲ್ಲ, ತಟ್ಟಿ ಉಂಡರು. ಗೋಳಾಟ ಕರಾವಳಿಯವರದು. ಚಪಾತಿ ಲಟ್ಟಿಸಲು ಬರದ ಅಜ್ಜಿ ಗೋಧಿಯನ್ನು ನೆನೆಹಾಕಿ ಒರಳಿನಲ್ಲಿ ಅರೆದು ದೋಸೆ ಹೊಯ್ದರು. ಏಳಲಿಲ್ಲ. ಎರಡನೆಯ ಸಲ ಬೆಲ್ಲ ಕಾಯಿ ಸೇರಿಸಿದರು, ಎದ್ದಿತು. ಕೊನೆಗೆ ಪಕ್ಕದ ಖೋಲಿಯ ಮರಾಠಿ ವಹಿನಿಯ ಮುಂದೆ ಮಣೆ ಹಾಕಿ ಕುಳಿತು, ಲಟ್ಟಣಿಗೆ ಹಿಡಿಯುವುದನ್ನು ನಲವತ್ತೈದನೆಯ ವಯಸ್ಸಿನಲ್ಲಿ ಕಲಿತರು. ಇಂದು ನಮ್ಮ ಮನೆಗಳಲ್ಲಿ ಡಬ್ಬಿಗೆ ಚಪಾತಿ ಭಾಜಿ ಹೋಗುವುದು, ರಾತ್ರಿ ಮಾತ್ರ ಅನ್ನವಾಗುವುದು ಆಗಿನಿಂದ. ಊರಿನ ನೆಂಟರು ಇದನ್ನು ಕಂಡು ‘ಬೊಂಬಾಯಿಯವರ ಶೋಕಿ’ ಎನ್ನುತ್ತಿದ್ದರು. ಶೋಕಿಯಲ್ಲ, ರೇಶನ್ ಕಾರ್ಡು.

ಸೀಮೆಎಣ್ಣೆಯ ಪ್ರೈಮಸ್ ಒಲೆ, 1955ರ ಮೇಲೆ ಬರ್ಶೇನ್ ಗ್ಯಾಸು, 1960ರ ದಶಕದಲ್ಲಿ ಮುಂಬಯಿಯಲ್ಲೇ ಹುಟ್ಟಿದ ಸುಮೀತ್ ಮಿಕ್ಸರು: ಇವೆಲ್ಲ ವಾಚಕರಿಗೆ ಗೊತ್ತಿದ್ದದ್ದೇ. ಮಿಕ್ಸರು ಬಂದ ದಿನ ಕೆಳಗಿನ ಮನೆಯವರು ಪೇಢೆ ಹಂಚಿದರು. ಒರಳು ಗ್ಯಾಲರಿಗೆ ಹೋಗಿ ತುಳಸಿ ಕುಂಡಕ್ಕೆ ಪೀಠವಾಯಿತು.

ಹಬ್ಬಗಳ ವಿಷಯ. ಯುಗಾದಿ ಇಲ್ಲಿ ಗುಡಿಪಾಡ್ವಾ. ದಿನ ಒಂದೇ, ರಜೆಯೂ ಉಂಟು. ಆದರೆ ತುಳುವರ ಬಿಸು ಏಪ್ರಿಲ್ ನಡುವಿನಲ್ಲಿ ಬರುವುದರಿಂದ ನಸುಕಿನಲ್ಲೇ ಕಣಿ ನೋಡಿ, ಹಿರಿಯರ ಕಾಲಿಗೆರಗಿ, ಎಂಟೂವರೆಯ ಗಾಡಿ ಹಿಡಿಯಬೇಕು. ಚೌತಿಯ ಗಣಪತಿ ಊರಿನಲ್ಲಿ ಮನೆಯ ದೇವರು. ಇಲ್ಲಿ ಪಕ್ಕದ ಗಿರಗಾಂವದ ಕೇಶವಜಿ ನಾಯಕ ಚಾಳಿನಲ್ಲಿ 1893ರಿಂದ ಸಾರ್ವಜನಿಕ ಗಣಪತಿ ಕೂತುಬಿಟ್ಟದ್ದರಿಂದ ನಮ್ಮ ಮಕ್ಕಳಿಗೆ ಅವನು ಬೀದಿಯ ದೇವರೂ ಆದ. ಸಂಕ್ರಾಂತಿಯ ಹಳದಿಕುಂಕುಮವನ್ನು ನಮ್ಮ ಹೆಂಗಸರು ಮರಾಠಿಯವರಿಂದ ಎತ್ತಿಕೊಂಡರು, ಎಷ್ಟು ಚೆನ್ನಾಗಿ ಎತ್ತಿಕೊಂಡರೆಂದರೆ ಈಗ ಅದು ನಮ್ಮದೇ ಎಂದು ವಾದಿಸುವವರಿದ್ದಾರೆ.

ನಮಗೆ ಎಲ್ಲಕ್ಕಿಂತ ಸೋಜಿಗವೆನಿಸುವುದು ಶ್ರಾವಣದ ಚೂಡಿ. ಕರಾವಳಿಯ ಸಾರಸ್ವತ ಮನೆಗಳಲ್ಲಿ ಶುಕ್ರವಾರ, ರವಿವಾರ ಗರಿಕೆ, ಸಣ್ಣಸಣ್ಣ ಹೂಗಳನ್ನು ಸೇರಿಸಿ ಬಾಳೆನಾರಿನಿಂದ ಕಟ್ಟಿದ ಪುಟ್ಟ ಕಟ್ಟುಗಳಿಂದ ತುಳಸಿಗೂ ಹೊಸಿಲಿಗೂ ಪೂಜೆ ಮಾಡಿ, ಆ ಚೂಡಿಯನ್ನು ಹಿರಿಯ ಮುತ್ತೈದೆಯರಿಗೆ ಕೊಟ್ಟು ನಮಸ್ಕರಿಸುತ್ತಾರೆ. ಹಿರಿಯರು ದೂರದಲ್ಲಿದ್ದರೆ? ಲಕೋಟೆಯಲ್ಲಿಟ್ಟು ಅಂಚೆಗೆ ಹಾಕುವುದು! ಬೋಟು ನಿಂತ ತಿಂಗಳುಗಳಲ್ಲೂ ಅಂಚೆ ನಿಲ್ಲುತ್ತಿರಲಿಲ್ಲ. ಘಟ್ಟ ಹತ್ತಿ ಹುಬ್ಬಳ್ಳಿಯಿಂದ ರೈಲಿನಲ್ಲಿ ಬಂದ ಲಕೋಟೆಯೊಳಗೆ ಒಣಗಿದ ಗರಿಕೆ, ನಾಲ್ಕು ಅಕ್ಷತೆ, ಮಡಿಸಿದ ಕಾಗದ. ಗ್ರಾಂಟ್ ರೋಡಿನಿಂದಲೂ ಹಾಗೆಯೇ ಹೋಗುತ್ತಿತ್ತು. ಪಟ್ಟಣದ ನಡುವೆ ಗರಿಕೆ ಎಲ್ಲಿಯದು ಎಂದು ಕೇಳಬೇಡಿ. ಗೋವಾಲಿಯಾ ಟ್ಯಾಂಕಿನ ಮೈದಾನದ ಅಂಚಿನಲ್ಲಿ ಬೇಕಾದಷ್ಟಿತ್ತು. 1942ರ ಆಗಸ್ಟಿನಲ್ಲಿ ‘ಚಲೇ ಜಾವ್’ ಗೊತ್ತುವಳಿಯಾಗಿ ಅಶ್ರುವಾಯು ಸಿಡಿದ ಮೈದಾನವೂ ಅದೇ. ಆ ವರ್ಷ ಗರಿಕೆಗೆ ಹೋದ ಹೆಂಗಸರು ಬರಿಗೈಯಲ್ಲಿ ಮರಳಿ, ಕುಂಡದ ಹುಲ್ಲಿನಿಂದ ಸುಧಾರಿಸಿಕೊಂಡರಂತೆ. ಅರಸಿನ ಎಲೆಯ ಚಿಂತೆ ಮಾತ್ರ ಇರಲಿಲ್ಲ. ಕೊಂಕಣದವರೂ ಪಾತೋಳಿ ಮಾಡುವವರಾದ್ದರಿಂದ ಭಾಜಿ ಗಲ್ಲಿಯಲ್ಲಿ ನಾಗರಪಂಚಮಿಗೆ ಅದು ಕಟ್ಟುಗಟ್ಟಲೆ ಬರುತ್ತಿತ್ತು.

ಎಲ್ಲ ಸಂಸಾರಗಳೂ ಹೀಗೆ ಇಡಿಯಾಗಿ ಬಂದವಲ್ಲ ಎಂಬುದನ್ನು ಮರೆಯಬಾರದು. ಹೊಟೇಲಿನ ಹುಡುಗರಿಗೆ ಮೇಜೇ ಮಂಚ, ಕಪ್ಪುಬಸಿಯೇ ಸಂಸಾರ. ಹಗಲೆಲ್ಲ ದುಡಿದು ರಾತ್ರಿಶಾಲೆಯಲ್ಲಿ ಕನ್ನಡ ಅಕ್ಷರ ತಿದ್ದಿದವರು ಅವರು. 1902ರಲ್ಲಿ ಹುಟ್ಟಿದ ಮೊಗವೀರ ವ್ಯವಸ್ಥಾಪಕ ಮಂಡಳಿ ಮೊದಲಾದವು ನಡೆಸಿದ ಆ ಶಾಲೆಗಳ ಋಣ ದೊಡ್ಡದು. ಬಂಟ, ಬಿಲ್ಲವ, ಮೊಗವೀರ ಕುಟುಂಬಗಳಲ್ಲಿ ಅಳಿಯಸಂತಾನ. ಮಕ್ಕಳು ತಾಯಿಯ ಬಳಿಗೆ ಸೇರಿದವರು, ಯಜಮಾನಿಕೆ ಸೋದರಮಾವನದು. ಹೆಂಡತಿ ಊರಿನ ಕುಟುಂಬದ ಮನೆಯಲ್ಲಿ, ಗಂಡ ಮುಂಬಯಿಯಲ್ಲಿ. ಅವನು ಕಡೆಗೊಮ್ಮೆ ಖೋಲಿ ಹಿಡಿದು ಹೆಂಡತಿ ಮಕ್ಕಳನ್ನು ಕರೆತಂದು ಮಗನನ್ನು ಶಾಲೆಗೆ ಸೇರಿಸಲು ಹೋದರೆ ಅಲ್ಲಿಯ ಫಾರ್ಮಿನಲ್ಲಿ ಮೂರು ಮನೆ: ಹುಡುಗನ ಹೆಸರು, ತಂದೆಯ ಹೆಸರು, ಅಡ್ಡಹೆಸರು. ತಾಯಿಯ ಬಳಿಗೆ, ಮಾವನ ಹೆಸರಿಗೆ ಅಲ್ಲಿ ಜಾಗವಿಲ್ಲ. ಅಳಿಯಸಂತಾನದ ಆಸ್ತಿಯ ಕಟ್ಟು 1949ರ ಮದರಾಸಿನ ಕಾಯಿದೆಯಿಂದ, ಮತ್ತೆ 1956ರ ಹಿಂದೂ ಉತ್ತರಾಧಿಕಾರ ಕಾಯಿದೆಯಿಂದ ಸಡಿಲಾಯಿತೆಂದು ವಕೀಲರು ಹೇಳುತ್ತಾರೆ. ಮುಂಬಯಿಯ ಮಟ್ಟಿಗೆ ಅದು ಶಾಲೆಯ ಗುಮಾಸ್ತನ ಮೇಜಿನ ಮೇಲೆ ಅದಕ್ಕೂ ಮುಂಚೆಯೇ ಸಡಿಲಾಗಿತ್ತೆಂದು ನಮ್ಮ ಎಣಿಕೆ.

ಬಾಡಿಗೆಯದೂ ಒಂದು ಕಾಯಿದೆ. 1947ರ ಬಾಡಿಗೆ ನಿಯಂತ್ರಣದಿಂದಾಗಿ ಖೋಲಿ ಬಿಟ್ಟರೆ ಮತ್ತೆ ಸಿಗದು, ಪಗಡಿ ಕೊಡಲು ಹಣವಿಲ್ಲ. ಹೀಗಾಗಿ ಅಣ್ಣ ತಮ್ಮಂದಿರು ಮದುವೆಯಾದ ಮೇಲೂ ಅದೇ ಎರಡು ಖೋಲಿಗಳಲ್ಲಿ ಸೀರೆ ಅಡ್ಡ ಕಟ್ಟಿ ಉಳಿದರು. ನಮ್ಮ ಅವಿಭಕ್ತ ಕುಟುಂಬದ ಮಹಿಮೆಯನ್ನು ವೇದಿಕೆಯ ಮೇಲೆ ಹೊಗಳುವಾಗ ಆ ಕಾಯಿದೆಗೂ ಒಂದು ಹಾರ ಹಾಕಬೇಕಾದೀತು. ಆ ಸೀರೆಯ ಮರೆಯಲ್ಲಿ ಹೊಸ ಸೊಸೆಯರು ಪಟ್ಟದ್ದನ್ನು ಕೇಳಿದವರಾರು?

ಇಷ್ಟೆಲ್ಲ ಹೇಳಿ ಮಾತಿನ ವಿಷಯ ಬಿಡಲಾಗದು. ಸಾರಸ್ವತರ ಮನೆಮಾತು ಕೊಂಕಣಿ, ಬಂಟರದು ತುಳು, ಹವ್ಯಕರದು ಅವರದೇ ಕನ್ನಡ, ಬಯಲುಸೀಮೆಯವರದು ಮತ್ತೊಂದು. ಆದರೆ ಕಾಗದ ಬರೆಯುವುದು, ಸಾಲ ಲೆಕ್ಕ ಬರೆಯುವುದು, ಯಕ್ಷಗಾನ ಕೇಳುವುದು, ಭಜನೆಯ ಪುಸ್ತಕ ಓದುವುದು ಎಲ್ಲರಿಗೂ ಕನ್ನಡದಲ್ಲೇ. ಕನ್ನಡದ ಮಕ್ಕಳ ಸಾಹಿತ್ಯಕ್ಕೆ ತಳಹದಿ ಹಾಕಿದ ಪಂಜೆ ಮಂಗೇಶರಾಯರ ಮನೆಮಾತು ಯಾವುದು? ಕೊಂಕಣಿಯೇ. ಮನೆಮಾತು ಅಡಿಗೆಮನೆಯಲ್ಲಿ ಕಾಪಾಡಲ್ಪಡುತ್ತದೆ, ಅದಕ್ಕೆ ಶಾಲೆ ಬೇಡ. ಬರೆವಣಿಗೆಯ ಮಾತಿಗೆ ಶಾಲೆ ಬೇಕು. ಮುನಿಸಿಪಾಲಿಟಿಯ ಕನ್ನಡ ಶಾಲೆಗಳಿದ್ದವು. ಆದರೆ ಉದ್ಯೋಗದ ಚಿಂತೆಯಿಂದ ನಾವೇ ಮಕ್ಕಳನ್ನು ಇಂಗ್ಲಿಷಿಗೆ ಹಾಕಿದೆವು, ಬೀದಿ ಅವರಿಗೆ ಮರಾಠಿ ಕಲಿಸಿತು. ಗಾಮದೇವಿಯ ಸಾರಸ್ವತ ಮಹಿಳಾ ಸಮಾಜದವರು ತಮ್ಮ ಅಡಿಗೆಗಳನ್ನೆಲ್ಲ ಕೂಡಿಸಿ ‘ರಸಚಂದ್ರಿಕಾ’ ಎಂಬ ಹೆಸರಾಂತ ಪುಸ್ತಕವನ್ನು ತಂದರಲ್ಲ, ಅದು ಮೊದಲು ಬಂದದ್ದು ಮರಾಠಿಯಲ್ಲಿ, ಆಮೇಲೆ ಇಂಗ್ಲಿಷಿನಲ್ಲಿ. ತಾಯಂದಿರು ಕಾಗದ ಬರೆಯುತ್ತಿದ್ದ ಲಿಪಿಯಲ್ಲಿ ಹೆಣ್ಣುಮಕ್ಕಳು ಓದಲಾರರೆಂಬ ತಿಳಿವಳಿಕೆ ಅದರ ಹಿಂದಿತ್ತೆಂದೇ ನಾವು ತಿಳಿಯುತ್ತೇವೆ. ಆ ಪುಸ್ತಕದ ಮೇಲೆ ನಮಗೆ ಸಿಟ್ಟಿಲ್ಲ. ಅದರ ದೆಸೆಯಿಂದ ಎಷ್ಟೋ ಮನೆಗಳಲ್ಲಿ ಪತ್ರೊಡೆ ಉಳಿಯಿತು.

ಕಳೆದ ಶ್ರಾವಣದಲ್ಲಿ ಹಳೆಯ ಟ್ರಂಕು ಬಿಚ್ಚಿದೆವು. ಬಿಲ್ಡಿಂಗು ಪುನರ್ನಿರ್ಮಾಣಕ್ಕೆ ಹೋಗುವುದೆಂದು ಗಲಾಟೆ ಎದ್ದಿದೆ, ಸಾಮಾನು ಕಡಿಮೆ ಮಾಡಬೇಕು. ಹತ್ತಿಯ ದಾರದಲ್ಲಿ ಕಟ್ಟಿದ ಲಕೋಟೆಗಳ ಕಂತೆ ಸಿಕ್ಕಿತು. ಮುಂಬಯಿಯ ಅಂಚೆಯವನಿಗೆ ತಿಳಿಯಲೆಂದು ಹೊರಗೆ ವಿಳಾಸ ಇಂಗ್ಲಿಷಿನಲ್ಲಿ, ಊರಿನ ಮಾಸ್ತರರ ಕೈಯಿಂದ ಬರೆಸಿದ್ದು: ಖೋಲಿ ನಂಬರು, ಚಾಳಿನ ಹೆಸರು, ಗ್ರಾಂಟ್ ರೋಡ್, ಬೊಂಬಾಯಿ 7. ಮೊಮ್ಮಗಳು ಅದನ್ನು ಪಟಪಟನೆ ಓದಿದಳು. ಒಂದರೊಳಗಿನಿಂದ ಒಣಗಿದ ಹುಲ್ಲಿನ ಕಟ್ಟು ಜಾರಿತು, ‘ಚೂಡಿ!’ ಎಂದಳು. ಪಕ್ಕದ ಸಾರಸ್ವತರ ಮನೆಯಲ್ಲಿ ಪ್ರತಿ ವರ್ಷ ನೋಡುತ್ತಾಳಲ್ಲ. ಅಜ್ಜಿಯ ಬಾಲ್ಯದ ಗೆಳತಿಯೊಬ್ಬರು ಕಳಿಸಿದ್ದಿರಬೇಕು. ಆಮೇಲೆ ಮಡಿಸಿದ ಕಾಗದ ಬಿಚ್ಚಿ, ಒಮ್ಮೆ ಮೇಲಿನಿಂದ ಒಮ್ಮೆ ಕೆಳಗಿನಿಂದ ನೋಡಿ, ನಮ್ಮ ಕೈಗೆ ಕೊಟ್ಟಳು.

ಓದಿ ಹೇಳಿದೆವು. ಮಳೆ ಜೋರಿದೆ, ಕೆಂಪು ದನ ಕರು ಹಾಕಿತು, ಗೋಧಿ ದೋಸೆ ಹೊಯ್ದೆನೆಂದು ಬರೆದಿದ್ದೀಯಲ್ಲ, ಬೆಲ್ಲ ಎಷ್ಟು ಹಾಕಿದೆ ತಿಳಿಸು, ಇಲ್ಲಿಯೂ ಅಕ್ಕಿಗೆ ಕಷ್ಟ. ಮೊಮ್ಮಗಳು ಫೋನು ತೆಗೆದು ಅದರಲ್ಲಿ ಬರೆದುಕೊಳ್ಳತೊಡಗಿದಳು. ಯಾವ ಲಿಪಿಯಲ್ಲಿ ಎಂದು ನಾವು ಬಗ್ಗಿ ನೋಡಲಿಲ್ಲ. ಬೆಲ್ಲ ಎಷ್ಟೆಂದು ಅಜ್ಜಿ ಉತ್ತರ ಬರೆದಿದ್ದರೆ ಆ ಕಾಗದ ಊರಿನಲ್ಲಿರಬೇಕು ಎಂದೆವು. ಹಾಗಾದರೆ ಯಾವಾಗ ಹೋಗೋಣ ಎಂದು ಕೇಳಿದಳು.